ಒಂದೇ ಕುರ್ಚಿಯ ಮೇಲೆ ಬಿದ್ದ ರಾತ್ರಿ: ಮ್ಯಾಂಚೆಸ್ಟರ್ ಕಮಾಂಡ್ ವ್ಯವಸ್ಥೆಯ ಪ್ರಕರಣ ಅಧ್ಯಯನ

ಈ ಬರಹದಲ್ಲಿ, 2017ರ ಮ್ಯಾಂಚೆಸ್ಟರ್ ಅರೀನಾ ಬಾಂಬ್ ದಾಳಿಯ ರಾತ್ರಿ ಕೆಲಸ ಮಾಡಿದ ಯಾವ ಅಧಿಕಾರಿಯ ಹೆಸರೂ ಇಲ್ಲ. ಎಲ್ಲರನ್ನೂ ಹುದ್ದೆಯಿಂದಲೇ ಗುರುತಿಸಿದ್ದೇವೆ. ಹೆಸರು ಬಂದ ಕೂಡಲೇ ಮಾತು ‘ಯಾರ ತಪ್ಪು’ ಎಂಬಲ್ಲಿಗೆ ಹೊರಳುತ್ತದೆ. ಇಲ್ಲಿ ನೋಡಬೇಕಿರುವುದು ಒಂದು ಹುದ್ದೆಯ ಮೇಲೆ ಏನೇನು ಹೊರಿಸಿದ್ದರು, ಅದು ಎಲ್ಲಿ ಕುಸಿಯಿತು ಎಂಬುದನ್ನು.

ಹಿನ್ನೆಲೆ

2017ರ ಮೇ 22, ಸೋಮವಾರ. ಇಂಗ್ಲೆಂಡಿನ ಮ್ಯಾಂಚೆಸ್ಟರ್ ಅರೀನಾದಲ್ಲಿ ಸಂಗೀತ ಕಾರ್ಯಕ್ರಮ ಮುಗಿದು ಜನ ಹೊರಬರುತ್ತಿದ್ದರು. ರಾತ್ರಿ 10.31ಕ್ಕೆ ‘ಸಿಟಿ ರೂಮ್’ ಎಂಬ ಪಡಸಾಲೆಯಲ್ಲಿ ಆತ್ಮಾಹುತಿ ಬಾಂಬ್ ಸಿಡಿಯಿತು. 22 ಜನ ಸತ್ತರು, ನೂರಾರು ಮಂದಿ ಗಾಯಗೊಂಡರು. ಅರೀನಾ ಮತ್ತು ವಿಕ್ಟೋರಿಯಾ ರೈಲು ನಿಲ್ದಾಣವನ್ನು ಜೋಡಿಸುವ ಜಾಗ ಅದು. ಹಾಗಾಗಿ ಅಲ್ಲಿನ ಕಾನೂನು ಸುವ್ಯವಸ್ಥೆ ರೈಲ್ವೆ ಪೊಲೀಸರದು (ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಪೊಲೀಸ್). ಸುತ್ತಲಿನ ನಗರ ಗ್ರೇಟರ್ ಮ್ಯಾಂಚೆಸ್ಟರ್ ಪೊಲೀಸರದು. ಅಗ್ನಿಶಾಮಕ ದಳ ಮತ್ತು ಆಂಬುಲೆನ್ಸ್ ಸೇವೆ ಬೇರೆ ಬೇರೆ ಸಂಸ್ಥೆಗಳು. ನಾಲ್ಕು ಸಂಸ್ಥೆ, ನಾಲ್ಕು ಕಂಟ್ರೋಲ್ ರೂಮ್.

ಬ್ರಿಟನ್ನಿನ ತುರ್ತು ಸೇವೆಗಳು ಕಮಾಂಡನ್ನು ಮೂರು ಹಂತವಾಗಿ ಕಟ್ಟುತ್ತವೆ. ಗೋಲ್ಡ್ ಎಂದರೆ ಏನು ಸಾಧಿಸಬೇಕು ಎಂದು ತೀರ್ಮಾನಿಸುವವರು. ಸಿಲ್ವರ್ ಎಂದರೆ ಅದನ್ನು ಹೇಗೆ ಮಾಡುವುದೆಂದು ಯೋಜಿಸುವವರು. ಬ್ರಾಂಜ್ ಎಂದರೆ ಸ್ಥಳದಲ್ಲೇ ನಿಂತು ಮಾಡಿಸುವವರು. 1985ರಲ್ಲಿ ಲಂಡನ್ನಿನ ಬ್ರಾಡ್‌ವಾಟರ್ ಫಾರ್ಮ್ ಗಲಭೆಯಲ್ಲಿ ಯಾರ ಮಾತು ಯಾರು ಕೇಳಬೇಕೆಂಬುದೇ ಗೊಂದಲವಾದ ಮೇಲೆ ಅಲ್ಲಿನ ಪೊಲೀಸರು ರೂಪಿಸಿದ ಪದ್ಧತಿ ಇದು. ಇದರಲ್ಲಿ ಮುಖ್ಯವಾದದ್ದು ಹುದ್ದೆಯ ದರ್ಜೆಯಲ್ಲ, ಮಾಡುವ ಕೆಲಸ. ಸ್ಥಳದಲ್ಲಿರುವ ಒಬ್ಬ ಇನ್‌ಸ್ಪೆಕ್ಟರ್ ಬ್ರಾಂಜ್ ಆಗಬಹುದು. ಅವನಿಗಿಂತ ಮೇಲಿನ ಅಧಿಕಾರಿ ಬಂದ ಮಾತ್ರಕ್ಕೆ ಆ ಹೊಣೆ ತಾನಾಗಿ ಕೈ ಬದಲಾಗುವುದಿಲ್ಲ. ‘ಈಗಿನಿಂದ ನಾನು ವಹಿಸಿಕೊಂಡೆ’ ಎಂದು ಬಾಯಿಬಿಟ್ಟು ಹೇಳಿ, ಸಮಯ ಬರೆಸಬೇಕು.

ಇದರ ಮೇಲೆ, 2012ರಲ್ಲಿ ಶುರುವಾದ ‘ಜೆಸಿಪ್’ ಎಂಬ ಜಂಟಿ ಕಾರ್ಯಕ್ರಮ ಪೊಲೀಸ್, ಅಗ್ನಿಶಾಮಕ, ಆಂಬುಲೆನ್ಸ್ ಮೂರೂ ಸೇವೆಗಳಿಗೆ ಐದು ಸೂತ್ರ ಕೊಟ್ಟಿತ್ತು: ಒಂದೇ ಕಡೆ ಸೇರಿ, ಒಬ್ಬರಿಗೊಬ್ಬರು ತಿಳಿಸಿ, ಕೆಲಸ ಹೊಂದಿಸಿಕೊಳ್ಳಿ, ಅಪಾಯವನ್ನು ಒಟ್ಟಿಗೆ ಅಳೆಯಿರಿ, ಎಲ್ಲರ ತಲೆಯಲ್ಲೂ ಒಂದೇ ಚಿತ್ರವಿರಲಿ. ಮ್ಯಾಂಚೆಸ್ಟರಿನ ಅಧಿಕಾರಿಗಳು ಇದರ ತರಬೇತಿ ಪಡೆದಿದ್ದರು. ವಿಧಾನ ಗೊತ್ತಿಲ್ಲದ ಊರಲ್ಲ ಅದು. ಅದಕ್ಕೇ ಈ ಪ್ರಕರಣ ಓದಲು ಯೋಗ್ಯ.

ಸಮಸ್ಯೆ ಇದ್ದದ್ದು ಎಲ್ಲಿ

ಮೂರು ಹಂತದ ಏಣಿ ಪೂರ್ತಿ ನಿಲ್ಲಲು ಸಮಯ ಬೇಕು. ಗೋಲ್ಡ್, ಸಿಲ್ವರ್ ಅಧಿಕಾರಿಗಳು ರಾತ್ರಿ ಹೊತ್ತು ಮನೆಯಿಂದಲೋ ಬೇರೆ ಠಾಣೆಯಿಂದಲೋ ಬರಬೇಕು. ಅಲ್ಲಿಯವರೆಗೆ ನಗರ ಪೊಲೀಸರಲ್ಲಿ ಎಲ್ಲ ಅಧಿಕಾರವೂ ಕಂಟ್ರೋಲ್ ರೂಮಿನ ಒಬ್ಬ ಡ್ಯೂಟಿ ಇನ್‌ಸ್ಪೆಕ್ಟರ್ ಕೈಯಲ್ಲಿರುತ್ತಿತ್ತು. ಬಂದೂಕುಧಾರಿ ದಾಳಿಯ ಶಂಕೆ ಬಂದರೆ ಸಶಸ್ತ್ರ ಪೊಲೀಸರ ಆರಂಭಿಕ ಕಮಾಂಡರ್ ಅವರೇ. ‘ಆಪರೇಷನ್ ಪ್ಲೇಟೊ’ (ಓಡಾಡಿಕೊಂಡು ಕೊಲ್ಲುವ ಉಗ್ರರ ದಾಳಿಗೆ ಇಟ್ಟ ಸಂಕೇತ) ಘೋಷಿಸುವವರು ಅವರೇ. ಘೋಷಿಸಿದ್ದನ್ನು ಅಗ್ನಿಶಾಮಕ, ಆಂಬುಲೆನ್ಸ್, ರೈಲ್ವೆ ಪೊಲೀಸರಿಗೆ ತಿಳಿಸುವುದು, ಅಪಾಯದ ವಲಯಗಳನ್ನು ಗುರುತಿಸುವುದು, ಎಲ್ಲರೂ ಸೇರುವ ಜಾಗ ಹೇಳುವುದು, ಮುಂಚೂಣಿ ಕಮಾಂಡ್ ಪೋಸ್ಟ್ ಹಾಕಿಸುವುದು, ಮೇಲಧಿಕಾರಿಗಳನ್ನು ಎಬ್ಬಿಸುವುದು ಎಲ್ಲವೂ ಅದೇ ಕುರ್ಚಿಯ ಕೆಲಸ. ಹೊರಗಿನವರು ಮಾತಾಡಬೇಕೆಂದರೆ ಫೋನ್ ಮಾಡಬೇಕಾದದ್ದೂ ಅದೇ ಕುರ್ಚಿಗೆ.

ಕಾಗದದಲ್ಲಿ ಇದು ಚೆಂದ: ಒಬ್ಬನೇ ನಿರ್ಧರಿಸುವವ, ಗೊಂದಲವಿಲ್ಲ. ನಿಜದಲ್ಲಿ ಒಬ್ಬ ಮನುಷ್ಯ ಒಂದು ಫೋನಿನಲ್ಲಿ ಮಾತಾಡುತ್ತಿರುವಾಗ ಮಿಕ್ಕ ಏಳು ಕೆಲಸ ನಿಂತಿರುತ್ತವೆ.

ಇದು ಯಾರಿಗೂ ಹೊಳೆಯದ ಸಂಗತಿಯೇನಲ್ಲ. 2016ರ ಮೇ ತಿಂಗಳಲ್ಲಿ, ಅಂದರೆ ಸರಿಯಾಗಿ ಒಂದು ವರ್ಷ ಮೊದಲು, ಇದೇ ನಗರದ ಟ್ರಾಫರ್ಡ್ ಸೆಂಟರ್ ಮಾಲ್‌ನಲ್ಲಿ ‘ವಿಂಚೆಸ್ಟರ್ ಅಕಾರ್ಡ್’ ಎಂಬ ದೊಡ್ಡ ಅಣಕು ಕಾರ್ಯಾಚರಣೆ ನಡೆದಿತ್ತು. ಅಲ್ಲಿಯೂ ಡ್ಯೂಟಿ ಇನ್‌ಸ್ಪೆಕ್ಟರ್ ಮೇಲೆ ತಡೆಯಲಾರದ ಭಾರ ಬಿದ್ದು, ಉಳಿದ ಸೇವೆಗಳಿಗೆ ಸುದ್ದಿ ಮುಟ್ಟದೆ ಹೋಗಿತ್ತು. ವರದಿ ಬಂತು. ಆದರೆ ಕುರ್ಚಿಯ ಪಕ್ಕಕ್ಕೆ ಸಾಕಷ್ಟು ಜನ ಬರಲಿಲ್ಲ. ಅಣಕು ಕಾರ್ಯಾಚರಣೆ ಮುಗಿದ ಮೇಲೆ ‘ಒಟ್ಟಾರೆ ಯಶಸ್ವಿ’ ಎಂದು ಬರೆದು ಫೈಲು ಮುಚ್ಚುವ ಚಾಳಿ ನಮ್ಮಲ್ಲಿ ಮಾತ್ರ ಇದೆ ಎಂದುಕೊಂಡವರಿಗೆ ಇದೊಂದು ಸಮಾಧಾನ ಎನ್ನಬಹುದೇನೋ.

ಏನು ಮಾಡಿದರು, ಏನಾಯಿತು

ರೈಲ್ವೆ ಪೊಲೀಸರು ಹತ್ತಿರದಲ್ಲೇ ಇದ್ದುದರಿಂದ ಕೆಲವೇ ನಿಮಿಷಗಳಲ್ಲಿ ಒಳಗಿದ್ದರು. 10.39ಕ್ಕೆ ಅವರು ತಮ್ಮ ಮಟ್ಟದಲ್ಲಿ ‘ಮೇಜರ್ ಇನ್ಸಿಡೆಂಟ್’ (ದೊಡ್ಡ ಘಟನೆ) ಘೋಷಿಸಿದರು. ಆಂಬುಲೆನ್ಸ್ ಸೇವೆ 10.46ಕ್ಕೆ ಘೋಷಿಸಿತು. ನಗರ ಪೊಲೀಸರು ಘೋಷಿಸುವ ಹೊತ್ತಿಗೆ ನಡುರಾತ್ರಿ ದಾಟಿ ಒಂದು ಗಂಟೆ ಸಮೀಪಿಸಿತ್ತು. ಈ ಘೋಷಣೆಯನ್ನು ಬರೀ ವಿಧಿ ಎಂದು ತಿಳಿಯಬಾರದು. ಆ ಎರಡು ಪದ ಬಿದ್ದರೆ ಪ್ರತಿ ಸಂಸ್ಥೆಯಲ್ಲೂ ಮೊದಲೇ ಬರೆದಿಟ್ಟ ಕೆಲಸಗಳ ಸರಪಳಿ ತಾನಾಗಿ ಎಳೆದುಕೊಳ್ಳುತ್ತದೆ. ಯಾರೋ ಒಬ್ಬರು ನೆನಪಿಟ್ಟು ಪ್ರತಿಯೊಂದನ್ನೂ ಹೇಳಬೇಕಾಗುವುದಿಲ್ಲ. ಮೂರು ಸಂಸ್ಥೆಗಳು ಮೂರು ಹೊತ್ತಿಗೆ, ತಮ್ಮಷ್ಟಕ್ಕೆ ತಾವು ಘೋಷಿಸಿಕೊಂಡರೆ ಸರಪಳಿಗಳು ಒಂದಕ್ಕೊಂದು ಸಿಕ್ಕಿಕೊಳ್ಳುವುದೇ ಇಲ್ಲ.

ನಗರ ಪೊಲೀಸರ ಸಶಸ್ತ್ರ ತಂಡಗಳು ಬೇಗ ತಲುಪಿದವು. ಆ ಭಾಗ ಚೆನ್ನಾಗಿಯೇ ನಡೆಯಿತು. 10.47ಕ್ಕೆ ಡ್ಯೂಟಿ ಇನ್‌ಸ್ಪೆಕ್ಟರ್ ಆಪರೇಷನ್ ಪ್ಲೇಟೊ ಘೋಷಿಸಿದರು. ಗುಂಡಿನ ಸದ್ದು ಕೇಳಿತೆಂಬ ಸುದ್ದಿಗಳು ಬರುತ್ತಿದ್ದಾಗ ಆ ತೀರ್ಮಾನವನ್ನು ಅಸಂಗತ ಎನ್ನಲಾಗದು.

ಮೊದಲ ತಿರುವು ಅಲ್ಲೇ. ಘೋಷಣೆ ಆಯಿತು, ಆದರೆ ಅಗ್ನಿಶಾಮಕಕ್ಕೂ ಆಂಬುಲೆನ್ಸ್‌ಗೂ ರೈಲ್ವೆ ಪೊಲೀಸರಿಗೂ ಅದನ್ನು ಹೇಳಲಿಲ್ಲ. ಯಾಕೆ? ತಾನು ಬೇಕೆಂದೇ ಹೇಳಲಿಲ್ಲ ಎಂದು ಆ ಅಧಿಕಾರಿ ನಂತರ ವಿವರಿಸಿದರು: ಹೇಳಿದ್ದರೆ ನಿಯಮದ ಪ್ರಕಾರ ವೈದ್ಯಕೀಯ ಸಿಬ್ಬಂದಿ ಗಾಯಾಳುಗಳನ್ನು ಬಿಟ್ಟು ಹಿಂದೆ ಸರಿಯಬೇಕಾಗುತ್ತಿತ್ತು. ಆ ರಾತ್ರಿಯ ಸ್ಪಂದನೆಯನ್ನು ಸ್ವತಂತ್ರವಾಗಿ ಪರಿಶೀಲಿಸಿ 2018ರ ಮಾರ್ಚ್‌ನಲ್ಲಿ ಬಂದ ಕೆರ್‌ಸ್ಲೇಕ್ ವರದಿ ಇದನ್ನು ಮೆಚ್ಚಿಯೇ ಬರೆದಿತ್ತು. ನಿವೃತ್ತ ನ್ಯಾಯಮೂರ್ತಿ ಸರ್ ಜಾನ್ ಸಾಂಡರ್ಸ್ ನೇತೃತ್ವದ ಸಾರ್ವಜನಿಕ ವಿಚಾರಣೆ ಸಾಕ್ಷ್ಯಗಳನ್ನೆಲ್ಲ ಜಾಲಾಡಿ ಬೇರೆ ನಿರ್ಧಾರಕ್ಕೆ ಬಂತು: ಅದು ಉದ್ದೇಶಪೂರ್ವಕ ತೀರ್ಮಾನವಲ್ಲ, ಭಾರ ಹೆಚ್ಚಾಗಿ ಮರೆತುಹೋದದ್ದು. ಅಭ್ಯಾಸಿಗಳು ಇಲ್ಲಿ ಸ್ವಲ್ಪ ಹೊತ್ತು ನಿಲ್ಲಬೇಕು. ಮರೆತದ್ದನ್ನು ನಂತರ ‘ನಿರ್ಧಾರ’ ಎಂದು ನೆನಪಿಸಿಕೊಳ್ಳುವುದು ಮನುಷ್ಯ ಸಹಜ. ಎರಡನ್ನೂ ಬೇರ್ಪಡಿಸಿ ತೋರಿಸಬಲ್ಲದ್ದು ಆ ಹೊತ್ತಿನಲ್ಲೇ ಬರೆದ ಲಾಗ್ (ಸಮಯ ಸಹಿತ ದಾಖಲೆ) ಮಾತ್ರ. ಒಂಟಿ ಕಮಾಂಡರ್‌ಗೆ ಲಾಗ್ ಬರೆಯಲು ಕೈ ಬಿಡುವಿರುವುದಿಲ್ಲ. ಅವರ ಪಕ್ಕದಲ್ಲಿ ಬರೆಯುವವರೊಬ್ಬರು ಇದ್ದಿದ್ದರೆ, ‘ಪಾಲುದಾರರಿಗೆ ತಿಳಿಸಿಲ್ಲ, ಕಾರಣ ಇಂಥದ್ದು’ ಎಂಬ ಸಾಲು ಇರುತ್ತಿತ್ತು, ಇಲ್ಲವೇ ಆ ಸಾಲು ಖಾಲಿ ಇರುವುದನ್ನು ಬರೆಯುವವರೇ ಗಮನಿಸಿ ಕೇಳುತ್ತಿದ್ದರು.

ಎರಡನೆಯ ತಿರುವು ಅಗ್ನಿಶಾಮಕದ ಕಡೆ. ಉಗ್ರರ ದಾಳಿಯ ಶಂಕೆ ಇದ್ದರೆ ಅಲ್ಲಿನ ಪದ್ಧತಿಯಂತೆ ವಿಶೇಷ ತರಬೇತಿ ಪಡೆದ ಸಂಪರ್ಕಾಧಿಕಾರಿಯ ಮೂಲಕವೇ ಎಲ್ಲ ನಿರ್ಧಾರ ಸಾಗಬೇಕಿತ್ತು. ಅಂದರೆ ಇಲ್ಲಿಯೂ ಒಂದೇ ಕುರ್ಚಿ. ಪೊಲೀಸರು ಕ್ಯಾಥೆಡ್ರಲ್ ಬಳಿಯ ಕಾರ್ ಪಾರ್ಕಿಂಗ್ ಅನ್ನು ಸೇರುವ ಜಾಗವೆಂದು ಸೂಚಿಸಿದ್ದರು. ಸ್ಥಳದಲ್ಲಿ ಬಂದೂಕುಧಾರಿ ಇರಬಹುದೆಂಬ ಮಾತು ಸಂಪರ್ಕಾಧಿಕಾರಿಗೆ ಮುಟ್ಟಿತ್ತು. ಅಷ್ಟು ಹತ್ತಿರ ಸಿಬ್ಬಂದಿಯನ್ನು ಕಳಿಸಲು ಒಪ್ಪದೆ, ಸುಮಾರು ಮೂರು ಮೈಲಿ ದೂರದ ಫಿಲಿಪ್ಸ್ ಪಾರ್ಕ್ ಅಗ್ನಿಶಾಮಕ ಠಾಣೆಗೆ ಎಲ್ಲರನ್ನೂ ಕರೆಸಿದರು. ಅರೀನಾಕ್ಕೆ ಹತ್ತಿರದ ಠಾಣೆಯಲ್ಲಿದ್ದವರು ಸ್ಫೋಟದ ಸದ್ದು ಕೇಳಿದ್ದರೂ ಅದರಿಂದ ದೂರಕ್ಕೆ ಗಾಡಿ ಓಡಿಸಿದರು.

ಸಂಪರ್ಕಾಧಿಕಾರಿ ಸ್ಪಷ್ಟನೆಗಾಗಿ ಪೊಲೀಸ್ ಡ್ಯೂಟಿ ಇನ್‌ಸ್ಪೆಕ್ಟರ್‌ಗೆ ಫೋನ್ ಮಾಡಲು ಯತ್ನಿಸಿದರು. ಲೈನ್ ಬ್ಯುಸಿ. ಮತ್ತೆ ಮಾಡಿದರು. ಬ್ಯುಸಿ. ಇತ್ತ ಅಗ್ನಿಶಾಮಕದ ಕಂಟ್ರೋಲ್ ರೂಮಿಗೆ, ಪೊಲೀಸರೂ ಆಂಬುಲೆನ್ಸ್ ಸಿಬ್ಬಂದಿಯೂ ಸ್ಥಳದಲ್ಲೇ ಇದ್ದಾರೆ ಎಂಬ ಮಾಹಿತಿ ಬರುತ್ತಿತ್ತು. ಅದು ಸಂಪರ್ಕಾಧಿಕಾರಿಯ ಕಿವಿಗೆ ಪೂರ್ತಿ ಬೀಳಲಿಲ್ಲ. ಎರಡು ಸಂಸ್ಥೆಗಳ ಒಂಟಿ ಕುರ್ಚಿಗಳು ಒಂದರ ಫೋನನ್ನು ಇನ್ನೊಂದು ಹುಡುಕುತ್ತಾ ಕುಳಿತಿದ್ದವು. ಕಂಟ್ರೋಲ್ ರೂಮಿನಿಂದ ಕಂಟ್ರೋಲ್ ರೂಮಿಗೆ, ಮೂರೂ ಸೇವೆಗಳು ಒಟ್ಟಿಗೆ ಮಾತಾಡುವ ಒಂದೇ ಒಂದು ಕರೆ ಆ ಮೊದಲ ಅವಧಿಯಲ್ಲಿ ಆಗಿದ್ದರೆ ಎರಡು ನಿಮಿಷದಲ್ಲಿ ಗಂಟು ಬಿಚ್ಚುತ್ತಿತ್ತು. ಮೊದಲ ಅಗ್ನಿಶಾಮಕ ವಾಹನ ಅರೀನಾ ತಲುಪಿದ್ದು 12.37ಕ್ಕೆ, ಸ್ಫೋಟವಾಗಿ 2 ಗಂಟೆ 6 ನಿಮಿಷ ಕಳೆದಿತ್ತು.

ಬೆಂಕಿಯೇ ಇಲ್ಲದ ಕಡೆ ಅಗ್ನಿಶಾಮಕ ಯಾಕೆ ಎಂದು ಕೇಳಬಹುದು. ಉತ್ತರ ಸ್ಟ್ರೆಚರ್‌ನಲ್ಲಿದೆ. ಸಿಟಿ ರೂಮಿನಿಂದ ಗಾಯಾಳುಗಳನ್ನು ಮೇಲುಸೇತುವೆ ದಾಟಿಸಿ, ಮೆಟ್ಟಿಲಿಳಿಸಿ, ನಿಲ್ದಾಣದ ಒಳಗೆ ಹೊತ್ತು ತರಬೇಕಿತ್ತು. ಪೊಲೀಸರು, ಅರೀನಾ ಸಿಬ್ಬಂದಿ, ಸಾರ್ವಜನಿಕರು ಜಾಹೀರಾತು ಫಲಕಗಳನ್ನು, ಜನಸಂದಣಿ ತಡೆಯುವ ಕಬ್ಬಿಣದ ಬೇಲಿಗಳನ್ನು ಸ್ಟ್ರೆಚರ್ ಮಾಡಿಕೊಂಡು ಹೊತ್ತರು. ಹೊತ್ತು ಇಳಿಸುವ ತರಬೇತಿ, ಎಳೆದೊಯ್ಯುವ ಸ್ಟ್ರೆಚರ್, ತೋಳ್ಬಲ ಎಲ್ಲ ಇದ್ದವರು ಮೂರು ಮೈಲಿ ದೂರದಲ್ಲಿ ಕಾಯುತ್ತಿದ್ದರು.

ಆಂಬುಲೆನ್ಸ್ ಸೇವೆಯಲ್ಲಿ ಕಂಡ ತೊಡಕು ಬೇರೆ ಥರದ್ದು. ಮೊದಲ ಪ್ಯಾರಾಮೆಡಿಕ್ 10.53ಕ್ಕೆ ಸಿಟಿ ರೂಮ್ ಹೊಕ್ಕರು. 11.15ಕ್ಕೆ ಅಪಾಯಕಾರಿ ಜಾಗಗಳಿಗೆಂದೇ ತಯಾರಾದ ಇಬ್ಬರು ಬಂದರು. ಕೊನೆಯ ಗಾಯಾಳುವನ್ನು 11.39ಕ್ಕೆ ಹೊರತರುವವರೆಗೆ ಒಳಗೆ ಹೋದ ಪ್ಯಾರಾಮೆಡಿಕ್‌ಗಳು ಈ ಮೂವರೇ. ಹೊರಗೆ ಜನ ಇದ್ದರು. ಒಳಗೆ ಎಷ್ಟು ಅಪಾಯ ಎಂಬುದರ ಬಗ್ಗೆ ಪೊಲೀಸರೂ ಆಂಬುಲೆನ್ಸ್ ಕಮಾಂಡರೂ ಎದುರುಬದುರು ನಿಂತು ಮಾತಾಡಿರಲಿಲ್ಲ. ವಲಯಗಳ ಲೆಕ್ಕ ಸರಳ: ದಾಳಿಕೋರ ಇರುವ ಜಾಗ ‘ಹಾಟ್’, ಹೋಗಿದ್ದಾನೆ ಆದರೆ ಮರಳಬಹುದಾದ ಜಾಗ ‘ವಾರ್ಮ್’, ಅಪಾಯವಿಲ್ಲದ್ದು ‘ಕೋಲ್ಡ್’. ವಾರ್ಮ್‌ಗೆ ವಿಶೇಷ ತರಬೇತಿ ಪಡೆದವರು ಮಾತ್ರ ಹೋಗಬೇಕಿತ್ತು. ಸಿಟಿ ರೂಮ್ ಯಾವುದು ಎಂದು ಆ ರಾತ್ರಿ ಐದು ಜನರನ್ನು ಕೇಳಿದ್ದರೆ ಒಂದೇ ಉತ್ತರ ಬರುತ್ತಿರಲಿಲ್ಲ. ಸಶಸ್ತ್ರ ಪೊಲೀಸರು ಬಾಗಿಲುಗಳನ್ನು ಕಾಯುತ್ತಿದ್ದ, ಮತ್ತೆ ದಾಳಿಯಾಗುವ ಲಕ್ಷಣ ಕಾಣದ ಕೋಣೆಯ ಬಗ್ಗೆ ಹೊರಗಿನವರಿಗೆ ಗೊತ್ತಿದ್ದದ್ದು ಮೊದಲ ಹತ್ತು ನಿಮಿಷದ ಭೀತಿಯ ಚಿತ್ರ ಮಾತ್ರ. ಎರಡು ಸಂಸ್ಥೆಗಳ ಬ್ರಾಂಜ್‌ಗಳು ಭುಜಕ್ಕೆ ಭುಜ ಕೊಟ್ಟು ನಿಲ್ಲುವ ಮುಂಚೂಣಿ ಕಮಾಂಡ್ ಪೋಸ್ಟ್ ಇದ್ದಿದ್ದರೆ ಈ ಚಿತ್ರ ಐದೈದು ನಿಮಿಷಕ್ಕೆ ಹೊಸತಾಗುತ್ತಿತ್ತು.

2022ರ ನವೆಂಬರ್‌ನಲ್ಲಿ ಬಂದ ವಿಚಾರಣಾ ವರದಿಯ ಎರಡನೆಯ ಸಂಪುಟ, ಸತ್ತವರಲ್ಲಿ ಒಬ್ಬರು ತಕ್ಕ ಚಿಕಿತ್ಸೆ ಸಕಾಲದಲ್ಲಿ ಸಿಕ್ಕಿದ್ದರೆ ಬಹುಶಃ ಬದುಕುತ್ತಿದ್ದರು ಎಂದಿತು. ಅತಿ ಕಿರಿಯ ಬಲಿಯಾದ ಎಂಟು ವರ್ಷದ ಮಗುವಿನ ವಿಚಾರದಲ್ಲೂ ದೂರದ ಒಂದು ಸಾಧ್ಯತೆಯನ್ನು ಅಲ್ಲಗಳೆಯಲಿಲ್ಲ.

ಕಮಾಂಡ್ ಘಟಕ ಕಟ್ಟುವವರು ಇದರಿಂದ ಹೊರತೆಗೆಯಬೇಕಾದದ್ದು

ಸೇನೆಯ ಬೆಟಾಲಿಯನ್‌ನ ಆಪ್ಸ್ ರೂಮ್ (ಕಾರ್ಯಾಚರಣೆ ನಡೆಸುವ ಕೋಣೆ) ಹೊಕ್ಕು ನೋಡಿದರೆ ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ. ವೈರ್‌ಲೆಸ್ ಸೆಟ್ ಮುಂದೆ ಕೂರುವವ ಬೇರೆ, ಲಾಗ್ ಬರೆಯುವವ ಬೇರೆ, ನಕ್ಷೆಯ ಮೇಲೆ ಗುರುತು ಹಾಕುವವ ಬೇರೆ. ಕಮಾಂಡಿಂಗ್ ಆಫೀಸರ್ ಹೊರಗಿದ್ದರೆ ಸೆಕೆಂಡ್ ಇನ್ ಕಮಾಂಡ್ ಇರುತ್ತಾರೆ. ಪಕ್ಕದ ಘಟಕದ ಜೊತೆ ಮಾತಾಡಲು ಅಲ್ಲಿಂದ ಬಂದ ಸಂಪರ್ಕಾಧಿಕಾರಿ ಅದೇ ಕೋಣೆಯಲ್ಲಿ ಕೂತಿರುತ್ತಾರೆ. ನಿರ್ಧರಿಸುವವರ ಕೈಯಲ್ಲಿ ರಿಸೀವರ್ ಇರಬಾರದು ಎಂಬುದು ಅಲ್ಲಿನ ಅಲಿಖಿತ ಶಿಸ್ತು. ಸೇನೆ ಇದನ್ನು ಕಲಿತದ್ದು ಸೋತ ಯುದ್ಧಗಳಿಂದ. ತುರ್ತು ಸೇವೆಗಳಿಗೆ ಅಷ್ಟು ಜನಬಲ ಪಾಳಿಗೊಂದರಂತೆ ಸಿಗುವುದಿಲ್ಲ, ನಿಜ. ಹಾಗಿದ್ದರೂ ಕೆಲಸಗಳನ್ನು ಬಿಡಿಸಿಡಲು ಹೊಸ ಹುದ್ದೆ ಮಂಜೂರಾಗಬೇಕಿಲ್ಲ. ಅದೇ ಕೋಣೆಯಲ್ಲಿ ಆ ಪಾಳಿಯಲ್ಲಿರುವವರ ಹೆಸರಿನ ಮುಂದೆ ಕೆಲಸ ಬರೆದಿದ್ದರೆ ಸಾಕು.

ನಮ್ಮ ದೇಶದಲ್ಲಿ 2010ರಲ್ಲಿ ರಾಷ್ಟ್ರೀಯ ವಿಪತ್ತು ನಿರ್ವಹಣಾ ಪ್ರಾಧಿಕಾರ ಹೊರಡಿಸಿದ ಇನ್ಸಿಡೆಂಟ್ ರೆಸ್ಪಾನ್ಸ್ ಸಿಸ್ಟಮ್ ಮಾರ್ಗಸೂಚಿ ಕಾಗದದ ಮೇಲೆ ಈ ತೊಡಕಿಗೆ ಉತ್ತರ ಕೊಟ್ಟಿದೆ. ಜಿಲ್ಲೆಯಲ್ಲಿ ಜಿಲ್ಲಾಧಿಕಾರಿ ರೆಸ್ಪಾನ್ಸಿಬಲ್ ಆಫೀಸರ್. ಅವರ ಕೆಳಗೆ ಇನ್ಸಿಡೆಂಟ್ ಕಮಾಂಡರ್. ಕಮಾಂಡರ್‌ಗೆ ಅಂಟಿಕೊಂಡು ಮೂವರು: ಮಾಹಿತಿ ಮತ್ತು ಮಾಧ್ಯಮ ಅಧಿಕಾರಿ, ಸಂಪರ್ಕಾಧಿಕಾರಿ, ಸುರಕ್ಷತಾ ಅಧಿಕಾರಿ. ಕೆಳಗೆ ಆಪರೇಷನ್ಸ್, ಪ್ಲಾನಿಂಗ್, ಲಾಜಿಸ್ಟಿಕ್ಸ್ ಎಂಬ ಮೂರು ವಿಭಾಗ. ಒಬ್ಬರ ಕೆಳಗೆ ನೇರವಾಗಿ ಐದು ಜನ ಇದ್ದರೆ ಸರಿ, ಏಳು ದಾಟಬಾರದು.

ಈ ಪದ್ಧತಿಯಲ್ಲಿ ಒಂದು ನಿಯಮ ಇದೆ, ತರಬೇತಿಗಳಲ್ಲಿ ಓಡಿಸಿಕೊಂಡು ಹೋಗುವಂಥದ್ದು: ಭರ್ತಿಯಾಗದ ಹುದ್ದೆಯ ಕೆಲಸ ತಾನಾಗಿ ಮೇಲಿನವರ ಪಾಲಿಗೆ ಬರುತ್ತದೆ. ಸಣ್ಣ ಘಟನೆಗೆ ಇದು ಅನುಕೂಲ. ಚಾರ್ಟಿನ ಎಲ್ಲ ಡಬ್ಬಿಗಳನ್ನೂ, ಅಂದರೆ ಎಲ್ಲ ಹುದ್ದೆಗಳನ್ನೂ, ತುಂಬಬೇಕಿಲ್ಲ. ದೊಡ್ಡ ಘಟನೆಯ ಮೊದಲ ಅರ್ಧ ಗಂಟೆಯಲ್ಲಿ ಇದೇ ನಿಯಮ ಉರುಳಾಗುತ್ತದೆ. ಸಂಪರ್ಕ, ಸುರಕ್ಷತೆ, ಪ್ಲಾನಿಂಗ್, ಲಾಗ್ ಎಲ್ಲ ಖಾಲಿ ಇದ್ದರೆ ಎಲ್ಲವೂ ಒಬ್ಬರ ಮೇಲೆ. ಮ್ಯಾಂಚೆಸ್ಟರಿನ ಡ್ಯೂಟಿ ಇನ್‌ಸ್ಪೆಕ್ಟರ್‌ಗೆ ಆದದ್ದು ಇದೇ. ಆದ್ದರಿಂದ ಡಬ್ಬಿ ತುಂಬುವ ಕ್ರಮವನ್ನು ಮೊದಲೇ ಬರೆದಿಡಬೇಕು. ನಮ್ಮ ಅಭಿಪ್ರಾಯದಲ್ಲಿ ಮೊದಲು ತುಂಬಬೇಕಾದದ್ದು ಲಾಗ್ ಬರೆಯುವವರು, ಎರಡನೆಯದು ಸಂಪರ್ಕಾಧಿಕಾರಿ. ಆಪರೇಷನ್ಸ್ ಮುಖ್ಯಸ್ಥರು ಮೂರನೆಯವರು. ಇದನ್ನು ಓದಿ ಹುಬ್ಬೇರಿಸುವ ಅಧಿಕಾರಿಗಳಿದ್ದಾರೆ. ಕೆಲಸ ಮಾಡಿಸುವವರೇ ಮೊದಲಲ್ಲವೇ ಎನ್ನುತ್ತಾರೆ. ಮೊದಲ ಹತ್ತು ನಿಮಿಷದಲ್ಲಿ ಸ್ಥಳದ ಕೆಲಸ ಹೇಗೂ ಸ್ಥಳದಲ್ಲಿರುವವರು ಮಾಡುತ್ತಿರುತ್ತಾರೆ. ಆಗ ಕಂಟ್ರೋಲ್ ರೂಮ್ ಮಾಡಬಹುದಾದ, ಬೇರೆ ಯಾರೂ ಮಾಡಲಾಗದ ಕೆಲಸ ಎಂದರೆ ಸಂಸ್ಥೆಗಳನ್ನು ಒಂದಕ್ಕೊಂದು ಜೋಡಿಸುವುದು.

ಸಂಪರ್ಕಾಧಿಕಾರಿಗೆ ಕೊಡಬೇಕಾದ್ದು ಮೂರೇ ಸಾಮಾನು. ಸಾರ್ವಜನಿಕರಿಗೆ ಗೊತ್ತಿಲ್ಲದ, ಕಮಾಂಡರ್ ಮೇಜಿಗೆ ಹೋಗದ ಪ್ರತ್ಯೇಕ ಫೋನ್ ನಂಬರ್, ಪಕ್ಕದ ಸೇವೆಗಳ ಕಂಟ್ರೋಲ್ ರೂಮುಗಳಿಗೆ ಮೊದಲೇ ಕೊಟ್ಟದ್ದು. ಎಲ್ಲ ಕಂಟ್ರೋಲ್ ರೂಮುಗಳೂ ಕಿವಿಗೊಡುವ ಒಂದು ವೈರ್‌ಲೆಸ್ ಚಾನಲ್, ಪ್ರತಿ ಪಾಳಿ ಶುರುವಾದಾಗ ಒಮ್ಮೆ ಕರೆದು ನೋಡಿದ್ದು. ಮತ್ತು ಏನು ಹೇಳಬೇಕೆಂಬ ಒಂದು ಕಾರ್ಡ್. ಬ್ರಿಟನ್ನಿನವರು ಈ ಕಾರ್ಡಿಗೆ ‘ಮೀಥೇನ್’ ಎಂದು ಹೆಸರಿಟ್ಟಿದ್ದಾರೆ: ದೊಡ್ಡ ಘಟನೆ ಎಂದು ಘೋಷಿಸಿದೆಯೋ ಇಲ್ಲವೋ, ನಿಖರ ಸ್ಥಳ, ಏನಾಗಿದೆ, ಏನೇನು ಅಪಾಯ, ಯಾವ ದಾರಿಯಲ್ಲಿ ಬರಬೇಕು, ಗಾಯಾಳುಗಳು ಎಷ್ಟು, ಯಾವ ಸೇವೆಗಳು ಬಂದಿವೆ, ಯಾವುವು ಬೇಕು. ಏಳು ಸಾಲು, ಓದಲು ಒಂದು ನಿಮಿಷವೂ ಬೇಡ. ಕೇಳಿದವರು ಅದನ್ನೇ ತಿರುಗಿ ಓದಿ ಹೇಳಬೇಕು. ‘ಸರಿ ಸರಿ’ ಎಂದರೆ ಮುಟ್ಟಿತೆಂದು ಲೆಕ್ಕಕ್ಕಿಡಬಾರದು.

ಸೇರುವ ಜಾಗದ ವಿಚಾರದಲ್ಲಿ ಜಗಳಕ್ಕೆ ಎಡೆ ಇರಬಾರದು. ಒಬ್ಬರು ಹೇಳಿದ ಜಾಗ ಇನ್ನೊಬ್ಬರಿಗೆ ಸುರಕ್ಷಿತವಲ್ಲ ಎನಿಸಿದರೆ, ತಾವೇ ಬೇರೆ ಜಾಗ ಹಿಡಿಯುವ ಮುನ್ನ ‘ಒಪ್ಪುವುದಿಲ್ಲ, ಕಾರಣ ಇದು’ ಎಂದು ಅದೇ ಚಾನಲ್‌ನಲ್ಲಿ ಹೇಳಬೇಕು. ಪೊಲೀಸರು ಹೇಳಿದ್ದಕ್ಕೂ ಅಗ್ನಿಶಾಮಕ ಹಿಡಿದದ್ದಕ್ಕೂ ನಡುವೆ ಆ ಒಂದು ವಾಕ್ಯ ಓಡಾಡಿದ್ದರೆ, ಕಾರ್ ಪಾರ್ಕಿಂಗ್ ಬಳಿ ಸ್ಥಿತಿ ಹೇಗಿದೆ ಎಂದು ಯಾರಾದರೂ ಉತ್ತರಿಸುತ್ತಿದ್ದರು. ದೂರದ ಜಾಗ ಹಿಡಿದದ್ದಕ್ಕಿಂತ, ಹಿಡಿದ ಮೇಲೆ ಅದನ್ನು ಮರುಪರಿಶೀಲಿಸದೆ ಎರಡು ಗಂಟೆ ಕಳೆದದ್ದು ದೊಡ್ಡ ತಪ್ಪು. ಅಪಾಯದ ಕುರಿತ ಪ್ರತಿ ತೀರ್ಮಾನಕ್ಕೂ ಲಾಗ್‌ನಲ್ಲಿ ಒಂದು ‘ಮತ್ತೆ ನೋಡುವ ಹೊತ್ತು’ ಬರೆಯಬೇಕು; ಹದಿನೈದು ನಿಮಿಷ ಒಳ್ಳೆಯ ಅಂತರ. ಪ್ಲೇಟೊ ಘೋಷಣೆಗೂ ಇದೇ ಮಾತು.

ಇದೆಲ್ಲ ನಿಮ್ಮ ಕಂಟ್ರೋಲ್ ರೂಮಿನಲ್ಲಿ ನಡೆಯುತ್ತದೋ ಇಲ್ಲವೋ ತಿಳಿಯಲು ಮಾಲ್ ಬಾಡಿಗೆ ಹಿಡಿದು ಅಣಕು ಕಾರ್ಯಾಚರಣೆ ಮಾಡಬೇಕಿಲ್ಲ. ಸಾಮಾನ್ಯ ರಾತ್ರಿ ಪಾಳಿಯಲ್ಲಿ, ಮೂರು ಸೇವೆಗಳ ಮೇಲಧಿಕಾರಿಗಳಿಗೆ ಮಾತ್ರ ತಿಳಿಸಿ, ಇಪ್ಪತ್ತು ನಿಮಿಷದ ಮೇಜಿನ ಅಭ್ಯಾಸ ಇಟ್ಟುಕೊಳ್ಳಿ. ನಿಜವಾದ ಕರೆಗಳಿಗೆ ಬೇರೆಯವರನ್ನು ಕೂರಿಸಿರಿ. ಡ್ಯೂಟಿಯಲ್ಲಿರುವ ಇನ್‌ಸ್ಪೆಕ್ಟರ್‌ಗೆ ಘಟನೆಯ ಮೊದಲ ಕರೆ ಕೊಡಿ. ನಂತರ ಇಬ್ಬರನ್ನು ಕೂರಿಸಿ ಅವರ ಎರಡೂ ಫೋನುಗಳನ್ನು ಬಿಡದೆ ಬ್ಯುಸಿ ಇಡಿಸಿ. ಹೊರಗೆ ಅಗ್ನಿಶಾಮಕ ಮತ್ತು ಆಂಬುಲೆನ್ಸ್ ಕಂಟ್ರೋಲ್ ರೂಮುಗಳಲ್ಲಿ ಗಡಿಯಾರ ಹಿಡಿದು ಒಬ್ಬೊಬ್ಬರನ್ನು ನಿಲ್ಲಿಸಿ, ಸೇರುವ ಜಾಗ ಮತ್ತು ಅಪಾಯದ ವಲಯ ಎಷ್ಟನೆಯ ನಿಮಿಷಕ್ಕೆ ತಲುಪಿತು ಎಂದು ಬರೆಸಿ. ಇನ್‌ಸ್ಪೆಕ್ಟರ್ ಬಾಯಿ ಬಿಡದೆಯೇ ಅದು ತಲುಪಿದರೆ ನಿಮ್ಮಲ್ಲಿ ಕಮಾಂಡ್ ಘಟಕ ಇದೆ. ತಲುಪದಿದ್ದರೆ ಇರುವುದು ಒಂದು ಕುರ್ಚಿ.